ಪದವಿ ಬಂತು, ಸಂಬಳ ಎಲ್ಲಿ?

ಹನ್ನೆರಡು-ಹದಿಮೂರರ ಪೋರನೊಬ್ಬ ಚದುರಂಗದ ಅತಿ ದೊಡ್ಡ ಪದವಿ ಪಡೆದು ಗ್ರ್ಯಾಂಡ್‌ಮಾಸ್ಟರ್ ಆದ ಎಂದರೆ ಈಗ ಯಾರೂ ಹುಬ್ಬೇರಿಸುವುದಿಲ್ಲ. ಮೂವತ್ತು ದಾಟಿದ ಗ್ರ್ಯಾಂಡ್‌ಮಾಸ್ಟರ್ ಒಬ್ಬ ಟೂರ್ನಿಗಳನ್ನು ಬಿಟ್ಟು ಮಕ್ಕಳಿಗೆ ಪಾಠ ಹೇಳಲು ಕೂತ ಎಂಬುದಂತೂ ಸುದ್ದಿಯೇ ಆಗುವುದಿಲ್ಲ. ಪದವಿ ಅಗ್ಗವಾಯಿತು ಎನ್ನುವವರಿದ್ದಾರೆ. ಹಿಂದೆಂದೂ ಇಷ್ಟು ಕಷ್ಟವಿರಲಿಲ್ಲ ಎನ್ನುವವರೂ ಇದ್ದಾರೆ. ಎರಡೂ ಮಾತಿನಲ್ಲಿ ನಿಜವಿದೆ. ಜಗಳದ ಸಿಕ್ಕು ಬಿಡಿಸಲು ನನಗೆ ನೆರವಾಗಿದ್ದು ಬೇರೆಯೇ ಪ್ರಶ್ನೆ: ಚದುರಂಗ ಆಡುವವನ ಖರ್ಚನ್ನು ಆಯಾ ಕಾಲದಲ್ಲಿ ಹೊತ್ತವರು ಯಾರು?

ಪದವಿಯ ಹುಟ್ಟಿನ ಬಗ್ಗೆ ಒಂದು ರಾಜಠೀವಿಯ ಕತೆ ಇದೆ. 1914ರ ಸೇಂಟ್ ಪೀಟರ್ಸ್‌ಬರ್ಗ್ ಟೂರ್ನಿಯ ಕೊನೆಯಲ್ಲಿ ಲಾಸ್ಕರ್, ಕಾಪಾಬ್ಲಾಂಕಾ, ಅಲೆಖಿನ್, ಟರಾಶ್, ಮಾರ್ಷಲ್ ಈ ಐವರಿಗೆ ರಷ್ಯಾದ ದೊರೆ ಎರಡನೇ ನಿಕೊಲಸ್ ಗ್ರ್ಯಾಂಡ್‌ಮಾಸ್ಟರ್ ಬಿರುದು ಕೊಟ್ಟನಂತೆ. ಅಂದಿನ ದಾಖಲೆಗಳಲ್ಲಿ ಇದಕ್ಕೆ ಗಟ್ಟಿ ಪುರಾವೆ ಇಲ್ಲ. ಆ ಪದವೂ ಅದಕ್ಕೆ ಮೊದಲೇ ಬಳಕೆಯಲ್ಲಿತ್ತು. ದೊರೆ ಬಿರುದು ಕೊಟ್ಟಿದ್ದರೂ ಅದರಿಂದ ಹೊಟ್ಟೆ ತುಂಬುತ್ತಿರಲಿಲ್ಲ. ಟರಾಶ್ ವೈದ್ಯ. ವಿಡ್ಮಾರ್ ಎಂಜಿನಿಯರಿಂಗ್ ಪ್ರಾಧ್ಯಾಪಕ. 1935ರಲ್ಲಿ ಅಲೆಖಿನ್‌ನನ್ನು ಸೋಲಿಸಿ ವಿಶ್ವ ಚಾಂಪಿಯನ್ ಆದ ಮ್ಯಾಕ್ಸ್ ಯೂವೆ ಗಣಿತದ ಮೇಷ್ಟ್ರು. ಆಟವನ್ನೇ ನಂಬಿ ಬದುಕಿದ ಮೊದಲ ವಿಶ್ವ ಚಾಂಪಿಯನ್ ಸ್ಟೈನಿಟ್ಜ್ 1900ರಲ್ಲಿ ನ್ಯೂಯಾರ್ಕ್‌ನಲ್ಲಿ ತೀರಿಕೊಂಡಾಗ ಕೈ ಬರಿದಾಗಿತ್ತು.

1924ರಲ್ಲಿ ಪ್ಯಾರಿಸ್‌ನಲ್ಲಿ ಹುಟ್ಟಿದ ವಿಶ್ವ ಚದುರಂಗ ಒಕ್ಕೂಟ ಫಿಡೆ, ಅಧಿಕೃತವಾಗಿ ಈ ಪದವಿ ಕೊಟ್ಟಿದ್ದು 1950ರಲ್ಲಿ, 27 ಮಂದಿಗೆ. ಆ ಪಟ್ಟಿಯಲ್ಲಿ ಬೊಟ್ವಿನಿಕ್, ಕೆರೆಸ್, ಬ್ರಾನ್‌ಸ್ಟೈನ್ ತರಹದ ಆಗಿನ ಘಟಾನುಘಟಿಗಳಿದ್ದರು. ಜೊತೆಗೆ 85 ವರ್ಷದ ಜಾಕ್ವೆಸ್ ಮೀಸೆಸ್ ಇದ್ದರು. ಮಾನಸಿಕ ಕಾಯಿಲೆಯಿಂದ 1930ರ ದಶಕದ ಆರಂಭದಲ್ಲೇ ಆಟದಿಂದ ದೂರವಾಗಿದ್ದ ಅಕಿಬಾ ರೂಬಿನ್‌ಸ್ಟೈನ್ ಕೂಡ ಇದ್ದರು. ಎಂದರೆ ಮೊದಲ ಪಟ್ಟಿಯಲ್ಲೇ ಕೆಲವರಿಗೆ ಇದು ಹಿರಿಯರಿಗೆ ಹೊದಿಸಿದ ಶಾಲು. ಈ ಮಾತನ್ನು ನಾವು ಬೇಗ ಮರೆತೆವು.

ಮರೆಯಲು ಕಾರಣ ಸೋವಿಯತ್ ಒಕ್ಕೂಟ. ಗ್ರ್ಯಾಂಡ್‌ಮಾಸ್ಟರ್ ಎಂದರೆ ಒಂದು ಉದ್ಯೋಗ ಎಂಬ ಭಾವನೆ ಬಂದದ್ದು ಅಲ್ಲಿಂದ. 1948ರಿಂದ 1972ರವರೆಗೆ ವಿಶ್ವ ಕಿರೀಟ ಆ ದೇಶ ಬಿಟ್ಟು ಹೊರಗೆ ಹೋಗಲಿಲ್ಲ. ಪಯೊನೀರ್ ಭವನಗಳೆಂಬ ಸರ್ಕಾರಿ ಮಕ್ಕಳ ಕೇಂದ್ರಗಳಲ್ಲಿ ತರಬೇತಿ, ಮೇಲೆ ಬಂದವರಿಗೆ ಪ್ರತಿ ತಿಂಗಳೂ ಸರ್ಕಾರದ ಭತ್ಯೆ, ಜೊತೆಗೆ ತರಬೇತುದಾರರು, ವಿದೇಶ ಪ್ರವಾಸ. ಆಟಗಾರ ಬೆಳಗ್ಗೆ ಎದ್ದು ಆಟದ ಆರಂಭದ ನಡೆಗಳಾದ ಓಪನಿಂಗ್‌ಗಳ ಬಗ್ಗೆ ಯೋಚಿಸಿದರೆ ಸಾಕಿತ್ತು. ಮನೆ ಬಾಡಿಗೆಯ ಚಿಂತೆ ಇರಲಿಲ್ಲ.

ಆದರೆ ಅನ್ನ ಕೊಡುವ ಕೈ ತಟ್ಟೆ ಎಳೆದುಕೊಳ್ಳಲೂ ಬಲ್ಲದು. 1971ರಲ್ಲಿ ವ್ಯಾಂಕೂವರ್‌ನಲ್ಲಿ ಸೋವಿಯತ್ ಆಟಗಾರ ಮಾರ್ಕ್ ತೈಮನೊವ್, ಅಮೆರಿಕದ ಬಾಬಿ ಫಿಷರ್ ಎದುರು 6-0ಯಿಂದ ಸೋತರು. ಮರಳುವಾಗ ಅವರ ಪೆಟ್ಟಿಗೆಯಲ್ಲಿ ಸರ್ಕಾರಕ್ಕೆ ಆಗದ ಲೇಖಕ ಸೋಲ್ಜೆನಿತ್ಸಿನ್ ಪುಸ್ತಕ ಸಿಕ್ಕಿತು. ಭತ್ಯೆ ನಿಂತಿತು, ವಿದೇಶ ಪ್ರವಾಸ ನಿಂತಿತು. ಒಳ್ಳೆಯ ಪಿಯಾನೊ ವಾದಕರೂ ಆಗಿದ್ದರಿಂದ ಅವರಿಗೆ ಇನ್ನೊಂದು ಲೋಕವಿತ್ತು. ಎಲ್ಲರಿಗೂ ಇರಲಿಲ್ಲ. 1976ರಲ್ಲಿ ವಿಕ್ಟರ್ ಕೊರ್ಚ್‌ನಾಯ್ ಆಮ್‌ಸ್ಟರ್‌ಡಾಮ್‌ನಲ್ಲಿ ಆಡಿದವರು ಮರಳಿ ಹೋಗಲೇ ಇಲ್ಲ. ಅವರನ್ನು ಖಂಡಿಸುವ ಪತ್ರಕ್ಕೆ ಸಹಿ ಹಾಕಲು ಒಪ್ಪದ ಬ್ರಾನ್‌ಸ್ಟೈನ್, ವರ್ಷಗಟ್ಟಲೆ ಪಶ್ಚಿಮದ ಟೂರ್ನಿಗಳ ಮುಖ ನೋಡಲಿಲ್ಲ. ಈ ವ್ಯವಸ್ಥೆಯನ್ನು ಹೊಗಳುವವರು ಭತ್ಯೆಯ ಬಗ್ಗೆ ಮಾತಾಡುತ್ತಾರೆ, ತೆಗಳುವವರು ಪಾಸ್‌ಪೋರ್ಟ್ ಬಗ್ಗೆ. ಎರಡನ್ನೂ ಕೊಡುತ್ತಿದ್ದದ್ದು ಒಂದೇ ಕಚೇರಿ ಎಂಬುದು ನನಗೆ ಮುಖ್ಯವಾಗಿ ಕಾಣುತ್ತದೆ.

ಹೊರಗಿನ ಲೋಕದಲ್ಲಿ ದುಡ್ಡು ಬಂದದ್ದು ಫಿಷರ್ ಜೊತೆಗೆ. 1972ರಲ್ಲಿ ರೇಕ್ಯಾವಿಕ್ ನಗರದಲ್ಲಿ ಫಿಷರ್ ಮತ್ತು ಸ್ಪಾಸ್ಕಿ ಆಡಿದ ವಿಶ್ವ ಕಿರೀಟದ ಪಂದ್ಯದ ಬಹುಮಾನ ಮೊತ್ತ 1,25,000 ಡಾಲರ್ ಆಗಿತ್ತು. ಅದು ಸಾಲದೆಂದು ಫಿಷರ್ ಹಠ ಹಿಡಿದಾಗ ಬ್ರಿಟನ್ನಿನ ಒಬ್ಬ ಹಣವಂತರು ಅಷ್ಟನ್ನೇ ತಮ್ಮ ಕಡೆಯಿಂದ ಸೇರಿಸಿದರು. ಅದು ತುದಿಯಲ್ಲಿದ್ದ ಇಬ್ಬರ ಕತೆ, ಅಷ್ಟೆ. ಆ ವರ್ಷ ಜಗತ್ತಿನಲ್ಲಿ ಇದ್ದ ಗ್ರ್ಯಾಂಡ್‌ಮಾಸ್ಟರ್‌ಗಳು 88, ಅದರಲ್ಲಿ 33 ಮಂದಿ ಸೋವಿಯತ್ತಿನವರು.

ಅಷ್ಟರಲ್ಲಿ ಲೆಕ್ಕದ ರೀತಿಯೂ ಬದಲಾಗಿತ್ತು. 1970ರಲ್ಲಿ ಫಿಡೆ, ಆಟಗಾರರ ಬಲವನ್ನು ಅಂಕಿಯಲ್ಲಿ ಅಳೆಯುವ ಎಲೊ ರೇಟಿಂಗ್ ಪದ್ಧತಿಯನ್ನು ಒಪ್ಪಿಕೊಂಡಿತು. ಈಗಿನ ನಿಯಮ ಹೀಗೆ: ಸಾಮಾನ್ಯವಾಗಿ ಕನಿಷ್ಠ 9 ಸುತ್ತಿನ ಟೂರ್ನಿಯಲ್ಲಿ 2600 ರೇಟಿಂಗಿನವರ ಮಟ್ಟದಲ್ಲಿ ಆಡಿದರೆ ಒಂದು ನಾರ್ಮ್, ಎಂದರೆ ಪದವಿಯತ್ತ ಒಂದು ಮೆಟ್ಟಿಲು. ಎದುರಾಳಿಗಳ ಸರಾಸರಿ ರೇಟಿಂಗ್ 2380 ಆದರೂ ಇರಬೇಕು, ಅವರಲ್ಲಿ ಕನಿಷ್ಠ ಮೂವರು ಗ್ರ್ಯಾಂಡ್‌ಮಾಸ್ಟರ್‌ಗಳಿರಬೇಕು. ಇಂಥ ನಾರ್ಮ್‌ಗಳು 27 ಆಟಗಳಷ್ಟಾಗಬೇಕು. ಜೊತೆಗೆ ಒಮ್ಮೆಯಾದರೂ 2500 ರೇಟಿಂಗ್ ಮುಟ್ಟಬೇಕು. ಆಮೇಲೆ ರೇಟಿಂಗ್ ಎಷ್ಟೇ ಕುಸಿದರೂ ಪದವಿ ಸಾಯುವವರೆಗೂ ಜೊತೆಗಿರುತ್ತದೆ.

1991ರಲ್ಲಿ ಸೋವಿಯತ್ ಒಕ್ಕೂಟ ಒಡೆಯಿತು, ಭತ್ಯೆಯೂ ಹೋಯಿತು. ಪೂರ್ವದ ಗ್ರ್ಯಾಂಡ್‌ಮಾಸ್ಟರ್‌ಗಳು ಒಬ್ಬೊಬ್ಬರಾಗಿ ಯುರೋಪಿನಲ್ಲಿ ಯಾರು ಬೇಕಾದರೂ ಆಡಬಹುದಾದ ಓಪನ್ ಟೂರ್ನಿಗಳಿಗೆ ಬಂದಿಳಿದರು. ಎರಡು ವಾರಾಂತ್ಯದ ಬಹುಮಾನಕ್ಕಾಗಿ ಒಂದು ಕಾಲದ ಒಲಿಂಪಿಯಾಡ್ ಆಟಗಾರರು ಕಿತ್ತಾಡುವಂತಾಯಿತು. ಅದೇ ಕಾಲದಲ್ಲಿ ನಾರ್ಮ್‌ಗೆಂದೇ ನಡೆಯುವ ಸಣ್ಣ ಟೂರ್ನಿಗಳು ಹಬ್ಬಿದವು. ಬುಡಾಪೆಸ್ಟ್ ಅದಕ್ಕೆ ಹೆಸರಾದ ಊರು. ಹತ್ತು ಮಂದಿಯ ರೌಂಡ್ ರಾಬಿನ್, ಎಲ್ಲರೂ ಎಲ್ಲರ ಎದುರು ಆಡುವ ಟೂರ್ನಿ. ಬೇಕಾದಷ್ಟು ಗ್ರ್ಯಾಂಡ್‌ಮಾಸ್ಟರ್‌ಗಳಿಗೆ ಆಡಿದ್ದಕ್ಕೆ ಸಂಭಾವನೆ. ಪದವಿ ಬೇಕಾದವರಿಂದ ಪ್ರವೇಶ ಶುಲ್ಕ. ನಿಯಮಕ್ಕೆ ಎಲ್ಲವೂ ಸರಿಯೇ. ಹಳಬರ ಪದವಿ ಹೊಸಬರ ಪದವಿಗೆ ಬೇಕಾದ ಕಚ್ಚಾ ಸಾಮಗ್ರಿಯಾಯಿತು ಎನ್ನದೆ ಇರಲಾರೆ. ಸರ್ಕಾರ ಹೊರುತ್ತಿದ್ದ ಭಾರ ಸದ್ದಿಲ್ಲದೆ ಅಪ್ಪ-ಅಮ್ಮಂದಿರ ಹೆಗಲಿಗೆ ಬಂದು ಕೂತಿತು.

ಕಿರಿಯ ವಯಸ್ಸಿನ ದಾಖಲೆಗಳನ್ನು ಈ ಹಿನ್ನೆಲೆಯಲ್ಲಿ ಓದಬೇಕು. 1958ರಲ್ಲಿ ಫಿಷರ್ 15ನೇ ವಯಸ್ಸಿಗೆ ಪದವಿ ಪಡೆದಾಗ ಜಗತ್ತು ಬೆರಗಾಗಿತ್ತು. ಆ ದಾಖಲೆಯನ್ನು ಮುರಿಯಲು ಜೂಡಿತ್ ಪೋಲ್ಗರ್ ಬರಬೇಕಾಯಿತು, ಅದೂ 33 ವರ್ಷಗಳ ನಂತರ, 1991ರಲ್ಲಿ. ಮುಂದಿನ ಹನ್ನೊಂದೇ ವರ್ಷದಲ್ಲಿ ಅದು 12 ವರ್ಷ 7 ತಿಂಗಳಿಗೆ ಇಳಿಯಿತು, ಸೆರ್ಗೆಯ್ ಕರ್ಯಾಕಿನ್ ಹೆಸರಿನಲ್ಲಿ. 2019ರಲ್ಲಿ ಡಿ. ಗುಕೇಶ್‌ಗೆ ಅದು ತಪ್ಪಿದ್ದು 17 ದಿನಗಳಿಂದ. 2021ರಲ್ಲಿ ಅಭಿಮನ್ಯು ಮಿಶ್ರಾ ಬುಡಾಪೆಸ್ಟ್‌ನಲ್ಲೇ ಕೂತು ಅದನ್ನು ಮುರಿದ. ದಿನ ಎಣಿಸಿಕೊಂಡು ಓಡುವ ಈ ಓಟದಲ್ಲಿ ಪ್ರತಿಭೆ ಇಲ್ಲವೆಂದಲ್ಲ. ತಿಂಗಳುಗಟ್ಟಲೆ ಮನೆ ಬಿಟ್ಟು ಜೊತೆಗಿರಬಲ್ಲ ತಂದೆಯೋ ತಾಯಿಯೋ ಕೂಡ ಬೇಕು. ದಾಖಲೆ ತಪ್ಪಿದ ಗುಕೇಶ್ 2024ರಲ್ಲಿ 18ನೇ ವಯಸ್ಸಿಗೆ ವಿಶ್ವ ಚಾಂಪಿಯನ್ ಆದ ಎಂಬುದನ್ನು ಇಲ್ಲಿ ಹೇಳಿಬಿಡುತ್ತೇನೆ.

ಕಂಪ್ಯೂಟರ್ ಬಂದದ್ದು ಎಲ್ಲರಿಗೂ ಗೊತ್ತಿರುವ ಕತೆ. 1997ರಲ್ಲಿ ಡೀಪ್ ಬ್ಲೂ ಎಂಬ ಕಂಪ್ಯೂಟರ್ ವಿಶ್ವ ಚಾಂಪಿಯನ್ ಕಾಸ್ಪರೋವ್‌ನನ್ನು ಸೋಲಿಸಿತು. ಇಂದು ಫೋನಿನಲ್ಲಿರುವ ಎಂಜಿನ್, ಎಂದರೆ ಚದುರಂಗ ಆಡುವ ತಂತ್ರಾಂಶ, ಯಾವ ಚಾಂಪಿಯನ್ನನಿಗೂ ಮಣಿಯುವುದಿಲ್ಲ. ಮಾಸ್ಕೋದ ತರಬೇತುದಾರರ ನೋಟ್‌ಬುಕ್ಕಿನಲ್ಲಿದ್ದ ಗುಟ್ಟು ಹಳ್ಳಿಯ ಹುಡುಗಿಗೂ ಸಿಗುವಂತಾಯಿತು. ಹಾಗೆಯೇ, ಅನುಭವವನ್ನು ನಂಬಿ ಆಡುತ್ತಿದ್ದ ನಲವತ್ತರವರು ನೆನಪಿನ ಶಕ್ತಿಯ ಪೈಪೋಟಿಯಲ್ಲಿ ಹಿಂದೆ ಬಿದ್ದರು.

ಈಗ ಗ್ರ್ಯಾಂಡ್‌ಮಾಸ್ಟರ್‌ಗಳ ಸಂಖ್ಯೆ ಎರಡು ಸಾವಿರದ ಆಸುಪಾಸು. ಬರೀ ಆಡಿಯೇ ನೆಮ್ಮದಿಯಾಗಿ ಬದುಕುವವರು ತುದಿಯ ಕೆಲವೇ ಮಂದಿ. ಉಳಿದವರು ಜರ್ಮನಿಯ ಬುಂಡೆಸ್‌ಲೀಗಾದಂಥ ಕ್ಲಬ್ ಲೀಗ್‌ಗಳಲ್ಲಿ ಆಡುತ್ತಾರೆ, ದೊಡ್ಡವರಿಗೆ ತಯಾರಿಯಲ್ಲಿ ನೆರವಾಗುವ ಸೆಕೆಂಡ್ ಆಗಿ ದುಡಿಯುತ್ತಾರೆ, ಆನ್‌ಲೈನ್ ಪಾಠ ಮಾಡುತ್ತಾರೆ, ಕ್ಯಾಮೆರಾ ಮುಂದೆ ಕೂತು ಕೆಲವೇ ನಿಮಿಷದ ಬ್ಲಿಟ್ಜ್ ಆಟ ಆಡುತ್ತ ಹರಟುತ್ತಾರೆ. 2700 ದಾಟಿದವರನ್ನು ಸೂಪರ್ ಗ್ರ್ಯಾಂಡ್‌ಮಾಸ್ಟರ್ ಎನ್ನುವ ರೂಢಿ ಬಂದಿದೆ. ಫಿಡೆಯ ಪುಸ್ತಕದಲ್ಲಿ ಅಂಥ ಪದವಿಯೇ ಇಲ್ಲ. ಒಂದು ಕಾಲಕ್ಕೆ ಗ್ರ್ಯಾಂಡ್‌ಮಾಸ್ಟರ್ ಎಂದರೆ ಸಾಕು, ಓಪನ್ ಟೂರ್ನಿಯ ಆಯೋಜಕರು ರೂಮು ಕೊಟ್ಟು ಕರೆಯುತ್ತಿದ್ದರು. ಈಗ ಹಲವರು ಮೊದಲು ಕೇಳುವುದು ರೇಟಿಂಗ್ ಎಷ್ಟು ಎಂದು.