ಫೂಟೇಜ್ ಇಲ್ಲ ಅಂತ ಕೈಚೆಲ್ಲಬೇಡಿ

ಮುಂಬೈಯಲ್ಲಿ ಸಾಕ್ಷ್ಯಚಿತ್ರಗಳ ಎಡಿಟಿಂಗ್ ನನ್ನ ಕಸುಬು. 1992ರ ಡಿಸೆಂಬರ್, 93ರ ಜನವರಿಯಲ್ಲಿ ಇಲ್ಲಿ ನಡೆದ ಕೋಮು ಗಲಭೆಯಲ್ಲಿ ಬದುಕಿ ಉಳಿದ ಮಕ್ಕಳು ಈಗ ನಡುವಯಸ್ಸಿನವರು. ಕೆಲವರಿಗೆ ತಮ್ಮ ಕಥೆಯನ್ನು ತಾವೇ ಸಿನಿಮಾ ಮಾಡುವ ಆಸೆ. ಬಂದವರೆಲ್ಲ ಮೊದಲು ಹೇಳುವುದು ಒಂದೇ: "ಸರ್, ಆವತ್ತಿನ ಫೂಟೇಜ್ ಏನೂ ಇಲ್ಲ."

ಎಲ್ಲಿಂದ ಇರುತ್ತೆ? ಮನೆ ಬಿಟ್ಟು ಓಡುವವರು ಕ್ಯಾಮೆರಾ ಹಿಡಿದು ಓಡ್ತಾರಾ? ಆದರೆ ಆ ಜಾಗ ತುಂಬಲು ಎಲ್ಲಿಂದಲೋ ತಂದ ಬೆಂಕಿ, ಹೊಗೆಯ ಶಾಟ್ ಹಾಕಿ ಹಿಂದೆ ಪಿಟೀಲು ನುಡಿಸಿದರೆ ಅದು ನೀವಿದ್ದ ಚಾಳಿನ, ಅಂದರೆ ವಠಾರದ, ಕಥೆಯಾಗಿ ಉಳಿಯಲ್ಲ.

ಕಾಂಬೋಡಿಯಾದ ಸಿನಿಮಾ ನಿರ್ದೇಶಕ ರಿಥಿ ಪಾನ್ ಅವರನ್ನು ನೋಡಿ. ಖ್ಮೇರ್ ರೂಜ್ ಅನ್ನುವ ಕ್ರೂರ ಕಮ್ಯುನಿಸ್ಟ್ ಆಡಳಿತದ ಕಾಲದಲ್ಲಿ, ಹುಡುಗನಾಗಿದ್ದಾಗಲೇ ಅಪ್ಪ ಅಮ್ಮನನ್ನು ಕಳೆದುಕೊಂಡವರು. 2013ರ 'ದ ಮಿಸ್ಸಿಂಗ್ ಪಿಕ್ಚರ್'ನಲ್ಲಿ, ಇಲ್ಲದ ದೃಶ್ಯಗಳ ಜಾಗದಲ್ಲಿ ಮಣ್ಣಿನ ಗೊಂಬೆಗಳನ್ನು ಇಟ್ಟರು. ಕಥೆ ಅವರದೇ, ಹೇಳುವ ದನಿ ಬೇರೆಯವರದು. ಇದು ನನಗೆ ತುಂಬ ಇಷ್ಟ. ನಮ್ಮ ಕಥೆ ಅಂದಮಾತ್ರಕ್ಕೆ ನಾವೇ ಮೈಕ್ ಮುಂದೆ ಕೂತು ಗಂಟಲು ಕಟ್ಟಿಸಿಕೊಳ್ಳಬೇಕು ಅಂತೇನಿಲ್ಲ, ಅಲ್ವಾ? ಅವರ 2003ರ 'ಎಸ್-21'ರಲ್ಲಿ ಅದೇ ಆಡಳಿತದ ತುವೋಲ್ ಸ್ಲೆಂಗ್ ಜೈಲಿನ ಹಳೆಯ ಕಾವಲುಗಾರನೊಬ್ಬ ಖಾಲಿ ಕೋಣೆಯಲ್ಲಿ ತಾನು ಆಗ ಮಾಡುತ್ತಿದ್ದದ್ದನ್ನೆಲ್ಲ ಮಾಡಿ ತೋರಿಸುತ್ತಾನೆ, ಕೈದಿಗಳೇ ಇಲ್ಲದ ಕಡೆ ಗದರುತ್ತಾನೆ. ಬಾಯಿ ತಪ್ಪಿಸಿಕೊಳ್ಳಬಹುದು, ಕೈಕಾಲು ಮರೆಯಲ್ಲ.

ಹಾಗಾಗಿ ನಿಮ್ಮಮ್ಮನನ್ನು ಕೂರಿಸಿ "ಆಗ ಹೇಗನಿಸಿತು" ಅಂತ ಕೇಳಬೇಡಿ. ಬಾಗಿಲಿಗೆ ಅಡ್ಡ ಏನಿಟ್ಟಿರಿ, ಎಲ್ಲಿ ಅಡಗಿದಿರಿ, ತೋರಿಸಿ ಅನ್ನಿ. ಇನ್ನೊಂದು ಮಾತು. ಪೊಲೀಸರಿಗೆ ಹಿಂದಿಯಲ್ಲಿ, ನೆರೆಯವರಿಗೆ ಮರಾಠಿಯಲ್ಲಿ ಹೇಳಿ ಹೇಳಿ ಅಮ್ಮನಿಗೆ ಆ ಕಥೆ ಪಾಠ ಒಪ್ಪಿಸಿದ ಹಾಗೆ ಬರುತ್ತಿರುತ್ತದೆ. ಮನೆಯಲ್ಲಿ ಆಡುವ ಕನ್ನಡದಲ್ಲೋ ತುಳುವಿನಲ್ಲೋ ಕೇಳಿ. ತಡವರಿಸ್ತಾರೆ, ಹಿಂದೆ ಹೇಳದಿದ್ದ ವಿವರ ಹೊರಬರುತ್ತದೆ. ಆ ತಡವರಿಕೆಗೆ ದಯವಿಟ್ಟು ಕತ್ತರಿ ಹಾಕಬೇಡಿ.

ದಾಖಲೆಯನ್ನೂ ಓದಿ. ಈ ಗಲಭೆಯ ತನಿಖೆ ಮಾಡಿದ ಶ್ರೀಕೃಷ್ಣ ಆಯೋಗದ 1998ರ ವರದಿಯಲ್ಲಿ ಪೊಲೀಸ್ ಠಾಣೆವಾರು ವಿವರ ಇದೆ, ಸತ್ತವರ ಲೆಕ್ಕ 900. ಅಮ್ಮ ಹೇಳುವ ತಾರೀಖು ವರದಿಗೆ ಹೊಂದದಿದ್ದರೆ ಸುಮ್ನೆ ತಿದ್ದಬೇಡಿ, ಎರಡನ್ನೂ ಇಡಿ. ಮುಚ್ಚಿಟ್ಟರೆ, ಸಿನಿಮಾ ಪೂರ್ತಿ ಸುಳ್ಳು ಅನ್ನಲು ಕಾದಿರುವವರಿಗೆ ನೀವೇ ದಾರಿ ಮಾಡಿಕೊಟ್ಟ ಹಾಗೆ.

ಕೊನೆಗೆ, ಸುರಕ್ಷತೆ. 1973ರ ಸೇನಾ ದಂಗೆಯ ನಂತರ ಚಿಲಿಯ ಸಾಕ್ಷ್ಯಚಿತ್ರ ನಿರ್ದೇಶಕ ಪಾತ್ರಿಸಿಯೊ ಗುಸ್ಮಾನ್ ಅವರನ್ನು ಸಾಂಟಿಯಾಗೊದ ಸ್ಟೇಡಿಯಂನಲ್ಲಿ ಕೂಡಿಹಾಕಿದ್ದರು. ಅವರ ರೀಲುಗಳು ಸ್ವೀಡನ್ ರಾಯಭಾರ ಕಚೇರಿಯ ನೆರವಿನಿಂದ ದೇಶ ದಾಟಿದವು. ಆದರೆ ಅವರ ಕ್ಯಾಮೆರಾಮನ್ ಹೋರ್ಹೆ ಮುಲ್ಲರ್ ಅವರನ್ನು 1974ರಲ್ಲಿ ಹಿಡಿದುಕೊಂಡು ಹೋದರು, ಮತ್ತೆ ಅವರ ಸುಳಿವಿಲ್ಲ. ಇಲ್ಲಿಯೂ ಮಾತಾಡಿದವರು ಇವತ್ತಿಗೂ ಅದೇ ಗಲ್ಲಿಯಲ್ಲಿ, ಅದೇ ಪಕ್ಕದ ಮನೆಯವರ ಜೊತೆ ಇರುವವರು. ಹಾರ್ಡ್ ಡಿಸ್ಕಿನ ಕಾಪಿ ಬೇರೆ ಮನೆಯಲ್ಲಿಡಿ. ಒಪ್ಪಿಗೆ ಕಾಗದದ ಮೇಲೆ ಸಹಿ ಬಿತ್ತು ಅಂತ ಬೀಗಬೇಡಿ. ರಫ್ ಕಟ್, ಅಂದರೆ ಸಿನಿಮಾದ ಮೊದಲ ಕಚ್ಚಾ ಜೋಡಣೆ, ಮಾತಾಡಿದವರಿಗೆ ತೋರಿಸಿ, ಮುಖ ಬೇಡ ಅಂದರೆ ತೆಗೀರಿ, ಇಡೀ ಸಿನಿಮಾದಲ್ಲಿ ಅದೇ ಒಳ್ಳೆಯ ಶಾಟ್ ಆಗಿದ್ದರೂ.