'ಆರ್‌ಎಸ್‌ಎ' ಯಾವ ದೇಶ, ಮೂವತ್ತೆರಡು ವರ್ಷ ಅದು ಒಲಿಂಪಿಕ್ಸ್‌ನಲ್ಲಿ ಏಕಿರಲಿಲ್ಲ?

ಪ್ರಶ್ನೆ: ಒಲಿಂಪಿಕ್ಸ್ ಪದಕ ಪಟ್ಟಿಯಲ್ಲಿ 'ಆರ್‌ಎಸ್‌ಎ' ಎಂದು ಕಾಣುವುದು ದಕ್ಷಿಣ ಆಫ್ರಿಕಾ ಎಂದಾದರೆ, ಕ್ರಿಕೆಟ್ ಪ್ರಸಾರದಲ್ಲಿ ಅದನ್ನು 'ಎಸ್‌ಎ' ಎಂದೂ ಅಂತರ್ಜಾಲ ವಿಳಾಸಗಳಲ್ಲಿ 'ಝಡ್‌ಎ' ಎಂದೂ ಬರೆಯುವುದೇಕೆ? 1960 ಮತ್ತು 1992ರ ನಡುವಿನ ಒಲಿಂಪಿಕ್ಸ್ ದಾಖಲೆಗಳಲ್ಲಿ ಆ ದೇಶವೇ ಸಿಗುವುದಿಲ್ಲವಲ್ಲ, ಕಾರಣವೇನು?

ಉತ್ತರ: 'ಆರ್‌ಎಸ್‌ಎ' ಎಂಬುದು 'ರಿಪಬ್ಲಿಕ್ ಆಫ್ ಸೌತ್ ಆಫ್ರಿಕಾ', ಅಂದರೆ ದಕ್ಷಿಣ ಆಫ್ರಿಕಾ ಗಣರಾಜ್ಯ ಎಂಬುದರ ಸಂಕ್ಷಿಪ್ತ ರೂಪ. ಅಂತರರಾಷ್ಟ್ರೀಯ ಮಾನಕ ಪಟ್ಟಿಯಲ್ಲಿ 'ಎಸ್‌ಎ' ಸೌದಿ ಅರೇಬಿಯಾದ ಪಾಲಾಗಿರುವುದರಿಂದ ದಕ್ಷಿಣ ಆಫ್ರಿಕಾಕ್ಕೆ ಅದರ ಡಚ್ ಹೆಸರಿನಿಂದ ಬಂದ 'ಝಡ್‌ಎ' ದೊರೆತಿದೆ. ಕ್ರಿಕೆಟ್ ಅಂಕಪಟ್ಟಿಯಲ್ಲಿ ಅಂತಹ ಗೊಂದಲಕ್ಕೆ ಆಸ್ಪದ ಕಡಿಮೆಯಾದ್ದರಿಂದ ಅಲ್ಲಿ 'ಎಸ್‌ಎ' ಸಾಕಾಗುತ್ತದೆ.

ಪ್ರಶ್ನೆಯ ಎರಡನೆಯ ಭಾಗಕ್ಕೂ ಮೊದಲ ಅಕ್ಷರವಾದ 'ಆರ್'ಗೂ ನಂಟಿದೆ. ದಕ್ಷಿಣ ಆಫ್ರಿಕಾ 1960ರ ರೋಮ್ ಕೂಟದಲ್ಲಿ ಸ್ಪರ್ಧಿಸಿದಾಗ ಅದಿನ್ನೂ ಬ್ರಿಟನ್ ರಾಣಿಯನ್ನು ಒಪ್ಪಿಕೊಂಡಿದ್ದ 'ಯೂನಿಯನ್' ಆಗಿತ್ತು. ಗಣರಾಜ್ಯವೆಂದು ಘೋಷಿಸಿಕೊಂಡು ಕಾಮನ್‌ವೆಲ್ತ್‌ನಿಂದ ಹೊರನಡೆದದ್ದು 1961ರ ಮೇ 31ರಂದು. ಹೀಗಾಗಿ ಗಣರಾಜ್ಯವಾಗಿ ಅದು ಒಲಿಂಪಿಕ್ಸ್ ಅಂಗಳಕ್ಕೆ ಮೊದಲ ಬಾರಿ ಇಳಿದದ್ದು 1992ರಲ್ಲಿ, ಬಾರ್ಸಿಲೋನಾದಲ್ಲಿ.

ನಡುವಿನ ಗೈರುಹಾಜರಿಗೆ ಕಾರಣ ಜನಾಂಗೀಯ ಪ್ರತ್ಯೇಕತೆಯ ನೀತಿ, ಅಂದರೆ ಅಪಾರ್ಥೈಡ್. 1904ರ ಸೇಂಟ್ ಲೂಯಿಸ್ ಮ್ಯಾರಥಾನ್‌ನಲ್ಲಿ ಓಡಿದ ಲೆನ್ ಟೌನ್ಯಾನೆ ಮತ್ತು ಯಾನ್ ಮಾಶಿಯಾನಿ ಎಂಬ ಇಬ್ಬರು ಕರಿಯ ಓಟಗಾರರನ್ನು ಬಿಟ್ಟರೆ, ಆಮೇಲಿನ ದಕ್ಷಿಣ ಆಫ್ರಿಕಾ ತಂಡಗಳಲ್ಲಿ ಇದ್ದವರು ಬಿಳಿಯರೇ. 1908ರಲ್ಲಿ ನೂರು ಮೀಟರ್ ಓಟ ಗೆದ್ದ ರೆಗ್ಗಿ ವಾಕರ್, 1912ರಲ್ಲಿ ಮ್ಯಾರಥಾನ್ ಗೆದ್ದ ಕೆನ್ ಮೆಕಾರ್ಥರ್ ಅವರ ಸಾಧನೆ ಸಣ್ಣದಲ್ಲ. ಆದರೆ ದೇಶದ ಬಹುಸಂಖ್ಯಾತರಿಗೆ ಅವರೊಡನೆ ಸ್ಪರ್ಧಿಸುವ ಅವಕಾಶವೇ ಇರಲಿಲ್ಲ ಎಂಬುದನ್ನು ಮರೆತು ಆ ಪದಕಗಳನ್ನು ಎಣಿಸಲಾಗದು. ಭಾರತೀಯ ಮೂಲದ ಗಾಲ್ಫ್ ಆಟಗಾರ ಪಾಪ್ವಾ ಸ್ಯೂಗೋಲಮ್ 1963ರಲ್ಲಿ ಡರ್ಬನ್‌ನಲ್ಲಿ ನಟಾಲ್ ಓಪನ್ ಗೆದ್ದಾಗ, ಬಿಳಿಯರಿಗೆ ಮೀಸಲಾಗಿದ್ದ ಕ್ಲಬ್ ಕಟ್ಟಡದೊಳಗೆ ಪ್ರವೇಶವಿಲ್ಲದ ಕಾರಣ ಮಳೆಯಲ್ಲೇ ನಿಂತು ಟ್ರೋಫಿ ಸ್ವೀಕರಿಸಬೇಕಾಯಿತು. ಆ ಕಾಲದ ಕಾನೂನು ಏನೆಂಬುದನ್ನು ಇದಕ್ಕಿಂತ ಚೆನ್ನಾಗಿ ತಿಳಿಸುವ ಘಟನೆ ಕ್ರೀಡಾ ಇತಿಹಾಸದಲ್ಲಿ ವಿರಳ.

ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿಯು 1964ರ ಟೋಕಿಯೊ ಕೂಟದ ಆಹ್ವಾನವನ್ನು ಹಿಂಪಡೆದು, 1970ರಲ್ಲಿ ದಕ್ಷಿಣ ಆಫ್ರಿಕಾವನ್ನು ಸದಸ್ಯತ್ವದಿಂದಲೇ ಉಚ್ಚಾಟಿಸಿತು. ಕ್ರಿಕೆಟ್‌ಗೆ ಬುದ್ಧಿ ಬಂದದ್ದು ಇನ್ನೂ ತಡವಾಗಿ. ಗಣರಾಜ್ಯವಾದ ಮೇಲೂ ಇಂಗ್ಲೆಂಡ್, ಆಸ್ಟ್ರೇಲಿಯಾ, ನ್ಯೂಜಿಲೆಂಡ್ ಅದರೊಡನೆ ಟೆಸ್ಟ್ ಆಡುತ್ತಲೇ ಇದ್ದವು. 1968ರಲ್ಲಿ ಇಂಗ್ಲೆಂಡ್ ತಂಡಕ್ಕೆ ಆಯ್ಕೆಯಾದ ಬೇಸಿಲ್ ಡಾಲಿವೆರಾ ಕೇಪ್‌ಟೌನ್‌ನಲ್ಲಿ ಹುಟ್ಟಿದ ಬಿಳಿಯೇತರ ಆಟಗಾರ. ಅವರಿರುವ ತಂಡವನ್ನು ಬರಮಾಡಿಕೊಳ್ಳಲು ಪ್ರಧಾನಿ ವೋರ್ಸ್ಟರ್ ಒಪ್ಪದಿದ್ದುದರಿಂದ ಆ ಪ್ರವಾಸ ರದ್ದಾಯಿತು. 1970ರಲ್ಲಿ ಆಸ್ಟ್ರೇಲಿಯಾವನ್ನು 4-0 ಅಂತರದಿಂದ ಸೋಲಿಸಿದ ತಂಡಕ್ಕೆ ಮುಂದೆ ಎರಡು ದಶಕ ಟೆಸ್ಟ್ ಪಂದ್ಯವೇ ಇರಲಿಲ್ಲ. ಬ್ಯಾರಿ ರಿಚರ್ಡ್ಸ್ ಅವರಂತಹ ಬ್ಯಾಟರ್ ನಾಲ್ಕೇ ಟೆಸ್ಟ್ ಆಡಿದರೆಂದು ಮರುಗುವವರುಂಟು. ಒಂದು ಟೆಸ್ಟನ್ನೂ ಆಡಲು ಬಿಡದ ಕರಿಯ ಆಟಗಾರರ ಹೆಸರುಗಳು ನಮಗೆ ತಿಳಿದೇ ಇಲ್ಲ ಎಂಬುದನ್ನೂ ಅದರ ಜೊತೆಗೆ ನೆನೆಯಬೇಕು.

ಭಾರತದ ನಿಲುವು ಮೊದಲಿನಿಂದಲೂ ಕಠಿಣವಾಗಿತ್ತು. 1946ರಲ್ಲೇ ದಕ್ಷಿಣ ಆಫ್ರಿಕಾದೊಂದಿಗೆ ವ್ಯಾಪಾರ ಸಂಬಂಧ ಕಡಿದುಕೊಂಡಿದ್ದ ಭಾರತ, 1974ರಲ್ಲಿ ಡೇವಿಸ್ ಕಪ್ ಟೆನಿಸ್ ಫೈನಲ್ ತಲುಪಿದ ಮೇಲೂ ಎದುರಾಳಿ ದಕ್ಷಿಣ ಆಫ್ರಿಕಾ ಎಂಬ ಕಾರಣಕ್ಕೆ ಆಡಲು ನಿರಾಕರಿಸಿ ಕಪ್ಪನ್ನೇ ಬಿಟ್ಟುಕೊಟ್ಟಿತು. ಅದೇ ಭಾರತ, ಪ್ರತ್ಯೇಕತೆಯ ಕಾನೂನುಗಳು ರದ್ದಾಗುತ್ತಿದ್ದಂತೆ, 1991ರ ನವೆಂಬರ್ 10ರಂದು ಕೋಲ್ಕತ್ತದ ಈಡನ್ ಗಾರ್ಡನ್ಸ್‌ನಲ್ಲಿ ಆ ದೇಶದ ಮೊದಲ ಏಕದಿನ ಪಂದ್ಯಕ್ಕೆ ಆತಿಥ್ಯ ನೀಡಿತು. ಅಲನ್ ಡೊನಾಲ್ಡ್ ಐದು ವಿಕೆಟ್ ಕಿತ್ತರೂ ಪಂದ್ಯ ಗೆದ್ದದ್ದು ಭಾರತವೇ.

ಬಾರ್ಸಿಲೋನಾದಲ್ಲಿ ದಕ್ಷಿಣ ಆಫ್ರಿಕಾದ ಬಿಳಿಯ ಓಟಗಾರ್ತಿ ಎಲಾನಾ ಮೇಯರ್ ಹತ್ತು ಸಾವಿರ ಮೀಟರ್ ಓಟದಲ್ಲಿ ಬೆಳ್ಳಿ ಗೆದ್ದು, ಚಿನ್ನ ಗೆದ್ದ ಇಥಿಯೋಪಿಯಾದ ದೆರಾರ್ತು ತುಲು ಅವರ ಕೈಹಿಡಿದು ಮೈದಾನ ಸುತ್ತಿದರು. 1995ರ ರಗ್ಬಿ ವಿಶ್ವಕಪ್ ಫೈನಲ್‌ನಲ್ಲಿ ನ್ಯೂಜಿಲೆಂಡ್ ವಿರುದ್ಧ 15-12ರಿಂದ ಗೆದ್ದ ದಿನ ಅಧ್ಯಕ್ಷ ಮಂಡೇಲಾ ನಾಯಕ ಪಿನಾರ್ ಅವರ ಆರನೇ ಸಂಖ್ಯೆಯ ಅಂಗಿ ತೊಟ್ಟು ಬಂದದ್ದು ಎಲ್ಲರಿಗೂ ಗೊತ್ತು. ಆ ತಂಡದಲ್ಲಿದ್ದ ಬಿಳಿಯೇತರ ಆಟಗಾರ ಚೆಸ್ಟರ್ ವಿಲಿಯಮ್ಸ್ ಒಬ್ಬರೇ ಎಂಬುದು ಅಷ್ಟಾಗಿ ಚರ್ಚೆಗೆ ಬರುವುದಿಲ್ಲ. ಮರುವರ್ಷ ಅಟ್ಲಾಂಟಾದಲ್ಲಿ ಮ್ಯಾರಥಾನ್ ಗೆದ್ದ ಜೊಸಾಯಾ ಥುಗ್ವಾನೆ ಒಲಿಂಪಿಕ್ ಚಿನ್ನ ಪಡೆದ ಮೊದಲ ಕರಿಯ ದಕ್ಷಿಣ ಆಫ್ರಿಕನ್ನರಾದರು. 2019ರಲ್ಲಿ ಕರಿಯ ನಾಯಕ ಸಿಯಾ ಕೊಲಿಸಿ ರಗ್ಬಿ ವಿಶ್ವಕಪ್ ಎತ್ತಿ ಹಿಡಿದರು. 2025ರ ಜೂನ್‌ನಲ್ಲಿ ಲಾರ್ಡ್ಸ್‌ನಲ್ಲಿ ಆಸ್ಟ್ರೇಲಿಯಾವನ್ನು ಮಣಿಸಿ ವಿಶ್ವ ಟೆಸ್ಟ್ ಚಾಂಪಿಯನ್‌ಷಿಪ್ ಗೆದ್ದ ತಂಡದ ನಾಯಕ ತೆಂಬಾ ಬವುಮಾ ಕೂಡ ಕರಿಯರೇ.