ಗ್ರೀನ್‌ಸ್ಟೆಡ್ ಚರ್ಚಿನ ವಯಸ್ಸು ಇನ್ನೂರು ವರ್ಷ ಇಳಿದದ್ದು ಹೇಗೆ?

ಇಂಗ್ಲೆಂಡಿನ ಎಸೆಕ್ಸ್‌ನಲ್ಲಿ ಗ್ರೀನ್‌ಸ್ಟೆಡ್ ಅಂತ ಒಂದು ಪುಟ್ಟ ಹಳ್ಳಿ ಇದೆ. ಅಲ್ಲಿನ ಸೇಂಟ್ ಆಂಡ್ರ್ಯೂ ಚರ್ಚಿನಲ್ಲಿ ಜನ ಕೂರುವ ಭಾಗದ ಗೋಡೆ ಮರದ್ದು. ಓಕ್ ದಿಮ್ಮಿಗಳನ್ನು ಉದ್ದಕ್ಕೆ ಸೀಳಿ ಸಾಲಾಗಿ ನಿಲ್ಲಿಸಿದ್ದಾರೆ. ಚಪ್ಪಟೆ ಮೈ ಒಳಗೆ, ದುಂಡು ಬೆನ್ನು ಹೊರಗೆ. ಗಾಳಿ ನುಗ್ಗದಂತೆ ಸಂದುಗಳಲ್ಲಿ ತೋಡು ಕೊರೆದು ಮರದ ಪಟ್ಟಿ ಕೂರಿಸಿದ್ದಾರೆ. ಪೂಜೆಯ ಭಾಗದ ಇಟ್ಟಿಗೆ ಗೋಡೆ ಸುಮಾರು 1500ರದ್ದು.

ಈ ಓಕ್ ಗೋಡೆ ಕ್ರಿ.ಶ. 845ರದ್ದು ಅಂತ ಬಹಳ ಕಾಲ ನಂಬಿದ್ದರು. ಈಗಲೂ ಹಾಗೆ ಬರೆಯುವವರಿದ್ದಾರೆ. ಹಳೆಯದಾದಷ್ಟೂ ಹೆಮ್ಮೆ ಜಾಸ್ತಿ, ಅಲ್ವಾ? ಆದರೆ 1990ರ ದಶಕದ ಉಂಗುರ ಪರೀಕ್ಷೆ ಬೇರೆಯದೇ ಲೆಕ್ಕ ಕೊಟ್ಟಿತು.

ಓಕ್ ಮರ ವರ್ಷಕ್ಕೊಂದು ಉಂಗುರ ಬೆಳೆಸುತ್ತದೆ. ಹವೆ ಒಗ್ಗಿದ ವರ್ಷ ಅಗಲ, ಒಗ್ಗದ ವರ್ಷ ಸಣಕಲು. ಒಂದೇ ಸೀಮೆಯ ಓಕ್‌ಗಳೆಲ್ಲ ಆ ವರ್ಷಗಳನ್ನು ಹೆಚ್ಚೂಕಡಿಮೆ ಒಂದೇ ರೀತಿ ದಾಖಲಿಸುತ್ತವೆ. ಇಂದು ಬದುಕಿರುವ ಮರದ ಒಳಗಿನ ಉಂಗುರಗಳು ಹಳೇ ಮನೆಯ ತೊಲೆಯ ಹೊರಗಿನ ಉಂಗುರಗಳಿಗೆ ಹೊಂದುತ್ತವೆ. ಆ ತೊಲೆ ಇನ್ನೂ ಹಳೆಯದಕ್ಕೆ ಹೊಂದುತ್ತದೆ. ಹರಿದ ನೋಟಿನ ಚೂರು ಜೋಡಿಸಿದ ಹಾಗೆ ಜೋಡಿಸುತ್ತಾ ಹೋದರೆ ಸಾವಿರಾರು ವರ್ಷದ ಸರಪಳಿ ಸಿಗುತ್ತದೆ. ಈ ವಿದ್ಯೆಯನ್ನು ಕಟ್ಟಿದ ಎ. ಇ. ಡಗ್ಲಸ್ ಮರದ ಪಂಡಿತನಲ್ಲ, ಖಗೋಳ ವಿಜ್ಞಾನಿ! ಸೂರ್ಯನ ಕಲೆಗಳ ಏರಿಳಿತ ಮರದಲ್ಲಿ ಕಾಣುತ್ತದೆಯೇ ಅಂತ ಹುಡುಕಲು ಹೊರಟಿದ್ದ. 1929ರಲ್ಲಿ ಅರಿಜೋನಾದಲ್ಲಿ ಸಿಕ್ಕ ಸುಟ್ಟ ತೊಲೆಯೊಂದು ಅವನ ಸರಪಳಿಯ ಕಳೆದ ಕೊಂಡಿ ತುಂಬಿತು.

ಗ್ರೀನ್‌ಸ್ಟೆಡ್‌ನಲ್ಲಿ ಸಿಕ್ಕ ಕೊನೆಯ ಉಂಗುರ 1053ರದ್ದು. ಹಾಗಂತ ಮರ ಕಡಿದದ್ದೂ ಆ ವರ್ಷವೇ ಅಂದುಬಿಡಬೇಡಿ. ತೊಗಟೆಯ ಕೆಳಗಿನ ಎಳೆ ಕಟ್ಟಿಗೆ ಮೆದು. ಅದನ್ನು ಬಡಗಿ ಕೆತ್ತಿ ತೆಗೆಯುತ್ತಾನೆ, ಇಲ್ಲವೇ ಹುಳ ತಿನ್ನುತ್ತದೆ. ಬ್ರಿಟನ್ನಿನ ಓಕ್‌ಗಳಲ್ಲಿ ಆ ಭಾಗಕ್ಕೆ ಸಾಮಾನ್ಯವಾಗಿ 10ರಿಂದ 55 ಉಂಗುರ. ಕೂಡಿಸಿದರೆ ಮರ ಕಡಿದದ್ದು ಸುಮಾರು 1063ರಿಂದ 1108ರ ನಡುವೆ. ಫ್ರಾನ್ಸಿನ ಕಡೆಯಿಂದ ಬಂದ ನಾರ್ಮನ್ನರು ಇಂಗ್ಲೆಂಡ್ ಗೆದ್ದ 1066 ಈ ಅವಧಿಯ ಒಳಗೇ ಬೀಳುತ್ತದೆ! ಕಟ್ಟಿದ್ದು ಅದಕ್ಕೂ ಮೊದಲು ಆಳುತ್ತಿದ್ದ ಸ್ಯಾಕ್ಸನ್ ರಾಜರ ಕಾಲದಲ್ಲೋ ನಾರ್ಮನ್ನರ ಕಾಲದಲ್ಲೋ, ಉಂಗುರ ಹೇಳುವುದಿಲ್ಲ. ಕೆಲಸದ ರೀತಿ ಮಾತ್ರ ಅಪ್ಪಟ ಸ್ಯಾಕ್ಸನ್. ರಾಜ ಬದಲಾದ ಅಂತ ಹಳ್ಳಿಯ ಬಡಗಿ ಬಾಚಿ ಹಿಡಿಯುವ ರೀತಿ ಬದಲಾಯಿಸುತ್ತಾನಾ?

ಗೋಡೆಯ ಸಣ್ಣ ಕಿಂಡಿಯೊಂದರಿಂದ ಕುಷ್ಠರೋಗಿಗಳು ಪೂಜೆ ನೋಡುತ್ತಿದ್ದರು ಅನ್ನುವ ಕಥೆಯೂ ಇದೆ. ಇಂಗ್ಲೆಂಡಿನ ಎಷ್ಟೋ ಹಳೇ ಚರ್ಚುಗಳಿಗೆ ಇದೇ ಕಥೆ ಅಂಟಿಸಿದ್ದಾರೆ. ಆಧಾರ ಕೇಳಬೇಡಿ.

ದಿಮ್ಮಿಗಳ ಬುಡ ಕೊಳೆತಾಗ, 1848ರ ದುರಸ್ತಿಯಲ್ಲಿ ಕತ್ತರಿಸಿ ಇಟ್ಟಿಗೆ ಕಟ್ಟೆಯ ಮೇಲೆ ಕೂರಿಸಿದರು. 845 ಬಿಡಲಾರದವರಿಗೆ ಒಂದು ಸಮಾಧಾನವಿದೆ. 1960ರಲ್ಲಿ ಪೂಜೆಯ ಭಾಗದ ನೆಲ ಅಗೆದಾಗ ಇನ್ನೂ ಹಳೆಯ ಎರಡು ಮರದ ಕಟ್ಟಡಗಳ ಗುರುತು ಸಿಕ್ಕಿತು. ಆದರೆ ಅಲ್ಲಿ ಉಳಿದದ್ದು ಕಂಬದ ಗುಳಿಗಳು. ಎಣಿಸಲು ಉಂಗುರ ಇಲ್ಲ.